ಗೆಳತಿ ಮೂಲೆಗುಂಪಾದ ಸಿನಿಮಾ

ಮಾನ್ಯರೇ,

ಅಮೆರಿಕದ ಡೇನಿಯಲ್ ಕ್ಲೌಸ್ ಅವರ ಚಿತ್ರಕಾದಂಬರಿ (ಚಿತ್ರಗಳಲ್ಲೇ ಕಥೆ ಹೇಳುವ ಗ್ರಾಫಿಕ್ ನಾವೆಲ್) ‘ಘೋಸ್ಟ್ ವರ್ಲ್ಡ್’ 1997ರಲ್ಲಿ ಪುಸ್ತಕವಾಗಿ ಬಂತು. ಟೆರ್ರಿ ಜ್ವಿಗಾಫ್ ಅದನ್ನು ಸಿನಿಮಾ ಮಾಡಿದ್ದು 2001ರಲ್ಲಿ. ಹೈಸ್ಕೂಲು ಮುಗಿಸಿ ಮುಂದೇನೆಂದು ತೋಚದೆ, ಕಂಡವರನ್ನೆಲ್ಲ ಗೇಲಿ ಮಾಡುತ್ತ ಅಲೆಯುವ ಈನಿಡ್, ರೆಬೆಕಾ ಎಂಬ ಗೆಳತಿಯರ ಕಥೆ. ಸಿನಿಮಾವೇ ಮೇಲು ಎನ್ನುವವರಿದ್ದಾರೆ. ನನಗೆ ಹಾಗನ್ನಿಸದು. ಪುಸ್ತಕದಲ್ಲಿ ಕುಚೇಷ್ಟೆಯ ಫೋನ್ ಕರೆಗೆ ಬಲಿಯಾಗಿ ಮರೆಯಾಗುವ ಗಂಡಸೊಬ್ಬನನ್ನು ಸಿನಿಮಾ, ಹಳೆಯ ಗ್ರಾಮಫೋನ್ ತಟ್ಟೆ ಸಂಗ್ರಹಿಸುವ ಸೀಮೋರ್ ಆಗಿ ಬೆಳೆಸಿತು. ಸ್ಟೀವ್ ಬುಸೆಮಿ ಅಭಿನಯ ಸೊಗಸು, ತಕರಾರಿಲ್ಲ. ಆದರೆ ಕಥೆ ಅವನತ್ತ ವಾಲಿದಷ್ಟೂ ರೆಬೆಕಾ ಮೂಲೆಗುಂಪಾದಳು. ಜೀವದ ಗೆಳತಿಯರು ಮೆಲ್ಲಮೆಲ್ಲಗೆ ದೂರವಾಗುವ ಸಂಕಟ ಆ ಮಾಸಲು ನೀಲಿ-ಹಸಿರು ಪುಟಗಳಲ್ಲೇ ಹೆಚ್ಚು ತಟ್ಟುತ್ತದೆ.

ಒಂದಕ್ಕೆ ಮಾತ್ರ ಸಿನಿಮಾಗೆ ಪೂರ್ತಿ ಅಂಕ. ಆರಂಭದಲ್ಲೇ ಈನಿಡ್ ತನ್ನ ಕೋಣೆಯಲ್ಲಿ ‘ಗುಮ್ನಾಮ್’ (1965) ಚಿತ್ರದ ರಫಿ ಹಾಡಿಗೆ ಮೈಮರೆತು ಕುಣಿಯುತ್ತಾಳೆ. ತನ್ನೂರಿನ ಯಾವುದೂ ಹಿಡಿಸದ ಹುಡುಗಿಗೆ ನಮ್ಮ ಹಾಡು ಹಿಡಿಸಿತಲ್ಲ!

ಚಿತ್ರವಿದ್ದ ಮಾತ್ರಕ್ಕೆ ಇಂಥವು ಚಿಕ್ಕಮಕ್ಕಳ ಪುಸ್ತಕಗಳಲ್ಲ. ನಿಮ್ಮ ಭಾನುವಾರದ ಪುರವಣಿಯ ವಿಮರ್ಶೆ ಪುಟದಲ್ಲಿ ಚಿತ್ರಕಾದಂಬರಿಗಳಿಗೂ ಆಗಾಗ ಜಾಗ ಕೊಡಿ.

– ಓದುಗ, ಶಿವಮೊಗ್ಗ