ಗಾಂಧಿನಗರದಲ್ಲಿ ಇಪ್ಪತ್ತೈದು ವರ್ಷ: ಕೆಲವು ಥ್ಯಾಂಕ್ಸ್ ಬಾಕಿ ಇವೆ

ಸಿನಿಮಾ ಪತ್ರಕರ್ತನಾಗಿ ಇಪ್ಪತ್ತೈದು ವರ್ಷ ತುಂಬಿತು. ಮೊನ್ನೆ ಗೆಳೆಯರೆಲ್ಲ ಸೇರಿ ಶಾಲು ಹೊದಿಸಿ, ಮೈಸೂರು ಪೇಟ ತೊಡಿಸಿದರು. ಭಾಷಣಗಳೇ ಜಾಸ್ತಿಯಾಗಿ ನನಗೆ ಮೈಕ್ ಸಿಕ್ಕಿದ್ದು ಕೊನೆಗೆ, ಊಟದ ಹೊತ್ತಿಗೆ. ಅಲ್ಲಿ ನೆನೆಯಲಾಗದವರನ್ನು ಇಲ್ಲಿ ನೆನೆಯುತ್ತೇನೆ. ಹೆಸರು ಹಾಕಿದರೆ ಬೈಯುವವರೇ ಇವರೆಲ್ಲ, ಹಾಗಾಗಿ ಹೆಸರಿಲ್ಲ.

ಮೊದಲು ನಮ್ಮ ಸಂಪಾದಕರು. ನಾನು ವಾರಪತ್ರಿಕೆಗೆ ಸೇರಿದ ಹೊಸತು. 2000ದ ಜುಲೈ 30ರ ರಾತ್ರಿ ವೀರಪ್ಪನ್ ಗಾಜನೂರಿನಿಂದ ಅಣ್ಣಾವ್ರನ್ನು ಅಪಹರಿಸಿದ. ಅವರು ವಾಪಸ್ ಬರುವವರೆಗಿನ 108 ದಿನವೂ ಗಾಂಧಿನಗರದಲ್ಲಿ ಗಂಟೆಗೊಂದು ಸುದ್ದಿ. ಕಾಡಿನಿಂದ ಫೋನ್ ಬಂತಂತೆ, ನಾಳೆ ಬಿಡ್ತಾನಂತೆ. ನಾನು ಓಡಿ ಬಂದು ಬರೆದುಕೊಡುತ್ತಿದ್ದೆ. ಸರ್ ಕನ್ನಡಕ ಹಣೆಗೇರಿಸಿ ಕೇಳುತ್ತಿದ್ದರು: "ಯಾರಪ್ಪ ಹೇಳಿದ್ದು?" ಉತ್ತರ ಇಲ್ಲದ ಸಾಲಿಗೆಲ್ಲ ಕೆಂಪು ಗೀಟು.

ಆಮೇಲೆ ಕೆ.ಜಿ. ರಸ್ತೆಯ ಚಿತ್ರಮಂದಿರವೊಂದರ ಮ್ಯಾನೇಜರ್. ಹೊರಗೆ ಹೌಸ್‌ಫುಲ್ ಬೋರ್ಡ್, ತಮಟೆ, ಕಟೌಟ್‌ಗೆ ಹಾಲಿನ ಅಭಿಷೇಕ. ಒಳಗೆ ಅವರ ಮೇಜಿನ ಮೇಲೆ ಡಿಸಿಆರ್, ಅಂದರೆ ಆ ದಿನದ ಗಳಿಕೆಯ ಲೆಕ್ಕ. ಬಾಲ್ಕನಿ ಎಷ್ಟು, ಸೆಕೆಂಡ್ ಕ್ಲಾಸ್ ಎಷ್ಟು, ಪ್ರತಿ ಶೋಗೂ ಬಾಲ್ ಪೆನ್ನಿನಲ್ಲಿ ಬರೆದಿರುತ್ತಿತ್ತು. "ನೋಡ್ಕೊಳ್ಳಿ, ಬರ್ಕೋಬೇಡಿ" ಎನ್ನುತ್ತಿದ್ದರು. 'ಭರ್ಜರಿ ಓಪನಿಂಗ್' ಎಂಬ ಪ್ರೆಸ್‌ನೋಟ್ ಜೇಬಿನಲ್ಲಿಟ್ಟುಕೊಂಡೇ ಆ ಹಾಳೆ ಓದುತ್ತಿದ್ದೆ. ಮರುದಿನ ನಾನು 'ಭರ್ಜರಿ' ಎಂದು ಬರೆಯದಿದ್ದರೆ ನಿರ್ಮಾಪಕರಿಗೆ ಕೋಪ, ಪತ್ರಿಕೆಗೆ ಜಾಹೀರಾತು ಕಟ್. ಈಗ ಖಾಲಿ ಸೀಟು ಎಲ್ಲರ ಮೊಬೈಲ್‌ನಲ್ಲೇ ಕಾಣುತ್ತದೆ. ಆದರೂ ಕೋಟಿ ಲೆಕ್ಕದ ಪೋಸ್ಟರ್‌ಗಳೇನೂ ನಿಂತಿಲ್ಲ, ಅಲ್ವಾ?

ಸ್ಟಾರ್‌ಗಳು ಸಂದರ್ಶನ ಕೊಟ್ಟರು. ಸುದ್ದಿ ಕೊಟ್ಟವರು ಮೇಕಪ್‌ಮನ್‌ಗಳು, ಡ್ರೈವರ್‌ಗಳು, ಪ್ರೊಡಕ್ಷನ್ ಹುಡುಗರು. ಶೂಟಿಂಗ್ ನಿಂತಿದ್ದು ಮಳೆಗಲ್ಲ, ಸಂಬಳ ಬಾಕಿಗೆ ಎಂದು ಟೀ ಲೋಟ ಕೈಗಿಡುತ್ತಾ ಹೇಳಿದವರು ಅವರೇ.

ಕೋವಿಡ್‌ನಲ್ಲಿ ಪತ್ರಿಕೆ ಮುಚ್ಚಿತು. ಮನೆ ನಡೆಸಿದ್ದು ಹೆಂಡತಿಯ ಸಂಬಳ. ಚಾನೆಲ್‌ಗಳಲ್ಲಿ ಕೂತು ಮಾತಾಡುವ ಕೆಲಸ ಶುರುವಾಗಿದ್ದು ಆಗಲೇ.

2021ರ ಅಕ್ಟೋಬರ್ 29. ಶಿವಣ್ಣನ ಹೊಸ ಸಿನಿಮಾ ಬಿಡುಗಡೆ, ಅದರ ಬಗ್ಗೆ ಮಾತಾಡಲು ಹೋಗಿದ್ದೆ. ಅಷ್ಟರಲ್ಲಿ ಅಪ್ಪು ಆಸ್ಪತ್ರೆಯಲ್ಲಿದ್ದಾರೆ ಎಂಬ ಸುದ್ದಿ. ಮೊಬೈಲ್ ತುಂಬಾ ಮೆಸೇಜ್. ಏನು ನಂಬುವುದು, ಏನು ಬಿಡುವುದು ಗೊತ್ತಾಗಲಿಲ್ಲ. ಆಗ ಇಯರ್‌ಪೀಸ್‌ನಲ್ಲಿ ಕಾರ್ಯಕ್ರಮದ ಪ್ರೊಡ್ಯೂಸರ್ ದನಿ: "ಸರ್, ಆಸ್ಪತ್ರೆಯವರು ಹೇಳೋವರೆಗೂ ನಾವು ಏನೂ ಹೇಳೋದು ಬೇಡ." ಇನ್ನೂ ಮೂವತ್ತು ದಾಟದ ಹುಡುಗಿ. ಮೇಲಿನವರಿಂದ ಎಷ್ಟು ಒತ್ತಡ ಇತ್ತೋ ಏನೋ. ತಾಯಿ, ನಿಮಗೊಂದು ದೊಡ್ಡ ನಮಸ್ಕಾರ.

ಕೊನೆಗೆ, 'ಪೇಯ್ಡ್ ರಿವ್ಯೂ' ಎಂದು ಪ್ರತಿ ಶುಕ್ರವಾರ ತಪ್ಪದೆ ಬೈಯುವ ಅಭಿಮಾನಿ ದೇವರುಗಳೇ, ನಿಮಗೂ ಥ್ಯಾಂಕ್ಸ್. ಹೀರೋ ಕಡೆಯವರೂ ಅವನ ವಿರೋಧಿಗಳೂ ಒಂದೇ ವಿಮರ್ಶೆಗೆ ಬೈದ ದಿನ ನನಗೆ ನಿದ್ದೆ ಚೆನ್ನಾಗಿ ಬರುತ್ತದೆ. ಬೈಯುತ್ತಿರಿ. ಇಂಟರ್ವಲ್‌ವರೆಗಾದರೂ ಸಿನಿಮಾ ನೋಡಿ ಬೈಯಿರಿ, ಅಷ್ಟೇ.