ಮೈಕ್ ಹಿಡಿಸಿದವರಿಗೆ

ಹೋದ ಭಾನುವಾರ ಅಮೆರಿಕದ ನಮ್ಮ ಮಿಲ್ವಾಕಿ ಹುಡುಗರ ಕ್ರಿಕೆಟ್‌ಗೆ ನಾನು ಹೇಳಿದ 50ನೇ ಕನ್ನಡ ಕಾಮೆಂಟರಿ ಮುಗಿಯಿತು. ಹುಡುಗರು ಅಂದರೆ ಎಲ್ಲರಿಗೂ ನಲವತ್ತು ದಾಟಿದೆ. ಹೊಟ್ಟೆ ಬಂದಿದೆ, ಕೂಗಾಟ ಮಾತ್ರ ಹಾಗೇ ಇದೆ. ಚಿತ್ರಾನ್ನದ ಡಬ್ಬಿಯ ಮುಚ್ಚಳದ ಮೇಲೆ ‘50’ ಅಂತ ಬರೆದು ಕೈಗಿಟ್ಟರು. ಥ್ಯಾಂಕ್ಸ್ ಹೇಳೋಣ ಅಂದರೆ ಗಂಟಲು ಕಟ್ಟಿತು. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ನಾನು ವಿಕೆಟ್ ಕೀಪರ್. ಕಿರ್ಮಾನಿ ಆಗುತ್ತೇನೆ ಅಂತ ಶಿವಮೊಗ್ಗದಲ್ಲಿ ಗ್ಲೌಸ್ ತೊಟ್ಟು, ಬೈಸ್ ಬಿಡುವುದರಲ್ಲೇ ಹೆಸರು ಮಾಡಿದವನು. 2023ರ ಆಗಸ್ಟ್‌ನಲ್ಲಿ ಬಲಗಣ್ಣಿನ ಮೂಲೆಗೆ ಕರಿ ಪರದೆ ಇಳಿದ ಹಾಗಾಯಿತು. ನಿದ್ದೆ ಸಾಲದ್ದಕ್ಕೆ ಹೀಗೆ ಅಂದುಕೊಂಡು ಮೂರು ದಿನ ಕಳೆದೆ. ಆ ದಡ್ಡತನ ಪೂರಾ ನನ್ನದೇ. ರೆಟಿನಾ ಕಿತ್ತು ಬಂದಿತ್ತು. ಆಪರೇಷನ್ ಮಾಡಿ ಕಣ್ಣೊಳಗೆ ಗ್ಯಾಸ್ ಗುಳ್ಳೆ ತುಂಬಿದರು. ಗುಳ್ಳೆ ಯಾವಾಗಲೂ ಮೇಲಕ್ಕೇ ತೇಲುತ್ತದಲ್ಲ, ಅದು ಕಣ್ಣಿನ ಹಿಂಬದಿಯನ್ನು ಒತ್ತಿ ಹಿಡಿಯಬೇಕಾದರೆ ಮುಖ ನೆಲ ನೋಡುತ್ತಲೇ ಇರಬೇಕು. ಹತ್ತು ದಿನ, ಹಗಲೂ ರಾತ್ರಿ.

ಆ ಹತ್ತು ದಿನ ನನ್ನ ಹೆಂಡತಿ ನೆಲದ ಮೇಲೆ ಕೂತು, ಕೆಳಗಿನಿಂದ ಸ್ಟ್ರಾ ಹಾಕಿ ರಾಗಿ ಅಂಬಲಿ ಕುಡಿಸಿದಳು. ಅವಳಿಗೆ ಇಲ್ಲಿ ಥ್ಯಾಂಕ್ಸ್ ಬರೆದರೆ ಬೈಯುತ್ತಾಳೆ, ಬಿಡಿ. ಪಕ್ಕದ ಮನೆಯ ಅಜ್ಜ ಮೂರನೇ ದಿನ ತಮ್ಮ ಗ್ಯಾರೇಜಿನ ರೇಡಿಯೋ ತಂದು ಸರಿಯಾಗಿ ನನ್ನ ಮೂಗಿನ ಕೆಳಗಿಟ್ಟರು. ಮೈತುಂಬ ಬಿಳಿ ಪೇಂಟ್ ಹನಿ. ಸ್ಟೇಷನ್ ತಿರುಗಿಸುವ ಗುಂಡಿಗೆ ಟೇಪ್ ಸುತ್ತಿದ್ದರು, ಯಾರೂ 620ರಿಂದ ಬದಲಾಯಿಸಬಾರದು ಅಂತ. ಬೇರೆ ಯಾವ ಸ್ಟೇಷನ್ನೂ ಆ ರೇಡಿಯೋಗೆ ಗೊತ್ತಿರಲಿಲ್ಲ.

ಹಾಗೆ ನನ್ನ ಕಿವಿಗೆ ಬಿದ್ದವರು ಬಾಬ್ ಯೂಕರ್. ಊರಿಗೆ ಬಂದು ಹದಿನೈದು ವರ್ಷವಾದರೂ ನನ್ನ ಪಾಲಿಗೆ ಬೇಸ್‌ಬಾಲ್ ಅಂದರೆ ಲಗೋರಿಯ ದೂರದ ನೆಂಟ, ಅಷ್ಟೇ. ಈ ಮನುಷ್ಯ ನಮ್ಮೂರ ಬೇಸ್‌ಬಾಲ್ ತಂಡ ಬ್ರೂವರ್ಸ್‌ನ ಪಂದ್ಯಗಳನ್ನು 1971ರಿಂದ ರೇಡಿಯೋದಲ್ಲಿ ಹೇಳುತ್ತಿದ್ದರು. ವಯಸ್ಸು 89. ಆಟ ಸಪ್ಪೆಯಾದರೆ ತಮ್ಮ ಕಥೆಯನ್ನೇ ಶುರುಮಾಡುವರು. ಅವರೂ ಕೀಪರ್ ಜಾತಿಯವರೇ, ಕ್ಯಾಚರ್! 1962ರಿಂದ 67ರವರೆಗೆ ಆರು ಸೀಸನ್, ಒಟ್ಟು 14 ಹೋಮ್ ರನ್, ಸರಾಸರಿ .200. ಅಂದರೆ ಐದು ಸಲ ಬ್ಯಾಟ್ ಹಿಡಿದರೆ ಒಂದು ಸಲ ಹಿಟ್. ಕೊನೇ ವರ್ಷ ಅಟ್ಲಾಂಟಾದಲ್ಲಿ ಫಿಲ್ ನೀಕ್ರೋ ಎಸೆತ ಹಿಡಿಯಬೇಕಾಯಿತು. ನೀಕ್ರೋ ಎಸೆಯುತ್ತಿದ್ದದ್ದು ನಕಲ್‌ಬಾಲ್. ಚೆಂಡು ತಿರುಗುವುದೇ ಇಲ್ಲ ಅನ್ನಬೇಕು, ಗಾಳಿಯಲ್ಲಿ ಕುಡಿದವನ ಹಾಗೆ ಓಲಾಡುತ್ತ ಬರುತ್ತದೆ. ಆ ವರ್ಷ ಯೂಕರ್ ಬಿಟ್ಟ ಚೆಂಡು 27, ಲೀಗಿಗೇ ಮೊದಲು. ಇದಕ್ಕೆ ಅವರು ಹೇಳುತ್ತಿದ್ದ ಉಪಾಯ: ನಕಲ್‌ಬಾಲ್ ಉರುಳಿ ನಿಲ್ಲುವವರೆಗೂ ಕಾಯಿರಿ, ಆಮೇಲೆ ಹೋಗಿ ಎತ್ತಿಕೊಳ್ಳಿ.

ನಾನು ನಕ್ಕೆ. ಮುಖ ಕೆಳಗಾಗಿ ನಕ್ಕರೆ ಮೂಗಿಗೆ ನೀರು ಬರುತ್ತದೆ, ಅನುಭವದ ಮಾತು.

ಆಟ ಬಿಟ್ಟ ಮೇಲೆ ಯೂಕರ್ ಅವರನ್ನು ಬ್ರೂವರ್ಸ್‌ನ ಆಗಿನ ಮಾಲೀಕ ಬಡ್ ಸೆಲಿಗ್ ಮೊದಲು ಆಟಗಾರರನ್ನು ಹುಡುಕುವ ಕೆಲಸಕ್ಕೆ ಹಾಕಿದ್ದರಂತೆ. ಕಳಿಸಿದ ವರದಿಯ ತುಂಬ ಕಿವುಚಿದ ಆಲೂಗಡ್ಡೆ, ಗ್ರೇವಿಯ ಕಲೆ ಅಂತ ಸೆಲಿಗ್ ಹೇಳಿ ನಗುತ್ತಿದ್ದರು. ಆ ಕೆಲಸಕ್ಕೆ ಬಾರದವರು ಮೈಕ್ ಮುಂದೆ 54 ಸೀಸನ್ ಕೂತರು, 2003ರಲ್ಲಿ ಬೇಸ್‌ಬಾಲ್ ಪ್ರಸಾರಕರಿಗೆ ಕೊಡುವ ಫೋರ್ಡ್ ಫ್ರಿಕ್ ಪ್ರಶಸ್ತಿಯನ್ನೂ ಪಡೆದರು. ದೊಡ್ಡ ಆಟಗಾರರು ಕಾಮೆಂಟರಿಗೆ ಬಂದರೆ ‘ನಾನಾಗಿದ್ದರೆ’ ಅಂತ ಪಾಠ ಹೇಳುವುದು ಜಾಸ್ತಿ, ನನಗೆ ಅದು ಹಿಡಿಸುವುದಿಲ್ಲ. ಚೆಂಡು ಬಿಟ್ಟವನ ಹೊಟ್ಟೆಯೊಳಗೆ ಏನಾಗುತ್ತದೆ ಅಂತ ಯೂಕರ್‌ಗೆ ಗೊತ್ತಿತ್ತು. ಬೈಯುತ್ತಿರಲಿಲ್ಲ.

ಬಲಗಣ್ಣು ಮುಕ್ಕಾಲು ಪಾಲು ವಾಪಸ್ ಬಂತು. ಗ್ಲೌಸ್ ಮಾತ್ರ ಬೇಡ ಅಂದರು ಡಾಕ್ಟರು. ಮುಂದಿನ ಬೇಸಿಗೆ ಬೌಂಡರಿ ಹೊರಗೆ ಮುಖ ಊದಿಸಿಕೊಂಡು ನಿಂತಿದ್ದಾಗ ನಮ್ಮ ಕ್ಯಾಪ್ಟನ್ ಬಂದು, “ಗುರುವೇ, ಗಣೇಶನ ಹಬ್ಬದ ಮೈಕ್ ಸೆಟ್ ಸುಮ್ನೆ ಬಿದ್ದಿದೆ, ಹಿಡ್ಕೊ” ಅಂದ. ಮೊದಲ ಓವರಿನಲ್ಲೇ ನಾನು ಬಿಟ್ಟಿದ್ದ ಹಳೇ ಕ್ಯಾಚ್‌ನ ಕಥೆ ಬಂತು. ಯಾರಿಂದ ಕಲಿತದ್ದು ಅಂತ ಹೇಳಬೇಕಿಲ್ಲ. ಕ್ಯಾಪ್ಟನ್, ಆ ಒಂದು ಮಾತಿಗೆ ನಿನಗೆ ಬಹಳ ಋಣಿ.

2025ರ ಜನವರಿ 16ರಂದು ಯೂಕರ್ ತೀರಿಕೊಂಡರು. 2023ರ ಆರಂಭದಿಂದಲೇ ಶ್ವಾಸಕೋಶದ ಕ್ಯಾನ್ಸರ್ ಇತ್ತು ಅಂತ ಮನೆಯವರು ಆಗ ತಿಳಿಸಿದರು. ಅಂದರೆ ಆ ಆಗಸ್ಟ್‌ನಲ್ಲಿ ನಾನು ನೆಲ ನೋಡಿಕೊಂಡು ನಗುತ್ತಿದ್ದಾಗಲೂ. ಸುದ್ದಿ ಓದಿ ಗ್ಯಾರೇಜ್ ರೇಡಿಯೋ ವಾಪಸ್ ಕೊಡಲು ಹೋದೆ. ಪಕ್ಕದ ಮನೆ ಅಜ್ಜ ತೆಗೆದುಕೊಳ್ಳಲಿಲ್ಲ.

ಬ್ರೂವರ್ಸ್ ಸ್ಟೇಡಿಯಂನ ಮೇಲಂತಸ್ತಿನ ಕೊನೇ ಸಾಲಿನಲ್ಲಿ ಯೂಕರ್ ಅವರ ಕಂಚಿನ ಪ್ರತಿಮೆ ಕೂತಿದೆ, ಪಕ್ಕದಲ್ಲಿ ಒಂದು ಖಾಲಿ ಸೀಟು. ಇಡೀ ಸ್ಟೇಡಿಯಂನಲ್ಲಿ ಅತಿ ಕೆಟ್ಟ ಜಾಗ, ಅದೂ ಅವರದೇ ತಮಾಷೆ. ಹೋದ ಏಪ್ರಿಲ್‌ನಲ್ಲಿ ಅಲ್ಲಿಗೆ ಹೋಗಿ ಮನಸ್ಸಿನಲ್ಲೇ ನಮಸ್ಕಾರ ಹೇಳಿ, ಹತ್ತಿರದಲ್ಲೇ ಕೂತೆವು. ಛಾವಣಿಯ ಕಂಬ ಎದುರಿಗೇ ಅಡ್ಡ.

“ಚೆಂಡು ಹಾಕೋನೇ ಕಾಣಲ್ವಲ್ರೀ” ಅಂದಳು ಹೆಂಡತಿ.

“ಕಣ್ಮುಚ್ಕೊ, ನಾನ್ ಹೇಳ್ತೀನಿ.”

ಹೇಳಿದೆ. ಮೂರನೇ ಇನಿಂಗ್ಸ್ ಹೊತ್ತಿಗೆ “ಸಾಕು, ಕಡ್ಲೇಕಾಯಿ ತನ್ನಿ” ಅಂದಳು.