‘ಓ’ ಎಂದು ಕಂಡದ್ದೆಲ್ಲ ‘ಓ’ ಅಲ್ಲ

ಮಾನ್ಯರೇ,

ರಕ್ತದಾನ ಶಿಬಿರಗಳ ಫ್ಲೆಕ್ಸ್‌ಗಳಲ್ಲಿ ‘ಓ ನೆಗೆಟಿವ್ ರಕ್ತ ಎಲ್ಲರಿಗೂ ಹೊಂದುತ್ತದೆ’ ಎಂಬ ಸಾಲನ್ನು ಕಂಡಾಗಲೆಲ್ಲ ಕಸಿವಿಸಿಯಾಗುತ್ತದೆ. 1952ರಲ್ಲಿ ಡಾ. ವೈ.ಎಂ. ಭೆಂಡೆ ಮತ್ತು ಸಂಗಡಿಗರು ವರದಿ ಮಾಡಿದ ‘ಬಾಂಬೆ ರಕ್ತಗುಂಪಿ’ನವರಿಗೆ ಅದು ಪ್ರಾಣಕ್ಕೇ ಎರವಾಗಬಹುದು.

ರಕ್ತದ ಗುಂಪನ್ನು ನಿರ್ಧರಿಸುವ, ಕೆಂಪು ಕಣಗಳ ಮೈಮೇಲಿನ ಗುರುತುಗಳಾದ ಎ, ಬಿ ಪ್ರತಿಜನಕಗಳು (ಆಂಟಿಜೆನ್) ರೂಪುಗೊಳ್ಳುವುದು ‘ಎಚ್’ ಎಂಬ ತಳಪಾಯದ ಮೇಲೆ. ಓ ಗುಂಪಿನ ಕೆಂಪು ಕಣಗಳಲ್ಲಿ ಎ, ಬಿ ಇಲ್ಲದಿದ್ದರೂ ಎಚ್ ಧಾರಾಳವಾಗಿರುತ್ತದೆ. ಬಾಂಬೆ ಗುಂಪಿನವರಲ್ಲಿ ಅದೂ ಇಲ್ಲ. ಬದಲಿಗೆ ಅವರ ರಕ್ತದಲ್ಲಿ ಎಚ್ ಮೇಲೆರಗುವ ಪ್ರತಿಕಾಯಗಳಿವೆ (ಆಂಟಿಬಾಡಿ). ಒಂದೊಂದು ಪ್ರತಿಕಾಯವೂ ಹಲವು ಕೈಗಳಿಂದ ಎಚ್ ಇರುವ ಅಕ್ಕಪಕ್ಕದ ಕಣಗಳನ್ನು ಹಿಡಿದು ಗಂಟು ಹಾಕುತ್ತದೆ.

ಎ, ಬಿ ಇವೆಯೇ ಎಂದು ನೋಡಲು ಗಾಜಿನ ಪಟ್ಟಿಯ ಮೇಲಿನ ರಕ್ತಕ್ಕೆ ಆಂಟಿ-ಎ, ಆಂಟಿ-ಬಿ ಪ್ರತಿಕಾಯಗಳ ದ್ರಾವಣ ಹನಿಸುವ ಸ್ಲೈಡ್ ಪರೀಕ್ಷೆಯಲ್ಲಿ ಇವರು ‘ಓ’ ಎಂದೇ ಕಾಣುತ್ತಾರೆ. ಇವರ ಸೀರಮ್ಮನ್ನು, ಅಂದರೆ ರಕ್ತ ಹೆಪ್ಪುಗಟ್ಟಿದ ಮೇಲೆ ಉಳಿಯುವ ತಿಳಿದ್ರವವನ್ನು, ಓ ಕಣಗಳೊಡನೆ ಬೆರೆಸಿದಾಗಲೇ ಗುಟ್ಟು ರಟ್ಟಾಗುವುದು: ಕಣಗಳು ಒಡೆದ ಹಾಲಿನಂತೆ ಗರಣೆಗಟ್ಟುತ್ತವೆ. ಈ ಮರುಪರೀಕ್ಷೆಗೆ ಹಿಡಿಯುವುದು ಕೆಲವೇ ನಿಮಿಷ. ಶಿಬಿರದವರು ಸ್ಲೈಡ್ ನೋಡಿಯೇ ಕಾರ್ಡು ಬರೆದುಕೊಡುವುದನ್ನು ನಿಲ್ಲಿಸಲಿ. ಯಾರಿಗಾದರೂ ಈ ಗುಂಪು ಪತ್ತೆಯಾದರೆ ಒಡಹುಟ್ಟಿದವರನ್ನೂ ಪರೀಕ್ಷಿಸಲಿ. ಹೊಂದುವ ರಕ್ತ ಸಿಗುವ ಸಾಧ್ಯತೆ ಅಲ್ಲಿಯೇ ಹೆಚ್ಚು.

– ನಿವೃತ್ತ ಪ್ರಯೋಗಾಲಯ ತಂತ್ರಜ್ಞ, ಶಿವಮೊಗ್ಗ